ಕೌಲ್ ಬಜಾರ್‌ನ ಕಟಿಂಗ್ ಟೇಬಲ್ ಮೇಲೆ ಮಿಲ್ವಾಕಿ ರೇಡಿಯೋ

ನಮ್ಮದು ಬಳ್ಳಾರಿಯ ಕೌಲ್ ಬಜಾರ್ ಕಡೆ ಒಂದು ಸಣ್ಣ ಜೀನ್ಸ್ ಯೂನಿಟ್. ಹನ್ನೊಂದು ಮಷೀನ್ ಇವೆ. ಹೊಲಿಯುವವರು 9 ಗಂಟೆಗೆ ಬರುತ್ತಾರೆ. ಕಟಿಂಗ್ ಕೆಲಸ ಮಾತ್ರ ನನ್ನದು, ಅದನ್ನು ಇವತ್ತಿನವರೆಗೂ ಬೇರೆಯವರ ಕೈಗೆ ಕೊಟ್ಟಿಲ್ಲ. ನಮ್ಮ ಊರಿನ ಬಿಸಿಲು ಗೊತ್ತಲ್ಲ, ಹತ್ತು ದಾಟಿದರೆ ತಗಡಿನ ಕೆಳಗೆ ನಿಲ್ಲುವುದೇ ಕಷ್ಟ. ಅದಕ್ಕೆ ಬೆಳಗಿನ ಜಾವ ಐದಕ್ಕೇ ಶಟರ್ ಎತ್ತುತ್ತೇನೆ. ಡೆನಿಮ್ ತಾನು ಬಿಚ್ಚಿ, ಟೇಬಲ್ ಮೇಲೆ ಪದರ ಪದರವಾಗಿ ಹಾಸಿ, ಚಾಕ್ ಹಿಡಿದು ಮಾರ್ಕಿಂಗ್ ಶುರು ಮಾಡುತ್ತೇನೆ.

ನನ್ನ ಗಡಿಯಾರದಲ್ಲಿ 5 ಗಂಟೆ 10 ನಿಮಿಷ ಆದಾಗ ಅಮೆರಿಕದ ಮಿಲ್ವಾಕಿಯಲ್ಲಿ ಹಿಂದಿನ ದಿನದ ಸಂಜೆ 6 ಗಂಟೆ 40 ನಿಮಿಷ. ಅಲ್ಲಿನ ಬೇಸ್‌ಬಾಲ್ ತಂಡ ಬ್ರೂವರ್ಸ್. ತಮ್ಮ ಊರಲ್ಲಿ ರಾತ್ರಿ ಪಂದ್ಯ ಇದ್ದರೆ ಅವರು ಸಾಮಾನ್ಯವಾಗಿ ಶುರು ಮಾಡುವುದು ಆ ಹೊತ್ತಿಗೆ. ನಾನು ಸ್ಪೀಕರ್ ಹಚ್ಚುತ್ತೇನೆ. ಆ ಊರಿನ ರೇಡಿಯೋ ಕಾಮೆಂಟರಿ ನಮ್ಮ ಯೂನಿಟ್‌ನಲ್ಲಿ ಮಾತಾಡೋಕೆ ಶುರು ಮಾಡುತ್ತದೆ.

ಇದಕ್ಕೆ ನಾನು ಬಳಸುವುದು ಎಂ.ಎಲ್.ಬಿ. ಆ್ಯಪ್‌ನ ಆಡಿಯೋ ಚಂದಾ. ಎಂ.ಎಲ್.ಬಿ. ಅಂದರೆ ಮೇಜರ್ ಲೀಗ್ ಬೇಸ್‌ಬಾಲ್, ಅಮೆರಿಕದ ದೊಡ್ಡ ಲೀಗ್. ಮೂರು ಸೀಸನ್ ಕೇಳಿದ ಮೇಲೆ ಇದರ ಬಗ್ಗೆ ಬರೆಯಬೇಕು ಅನ್ನಿಸಿತು. ವಿಡಿಯೋ ಬಗ್ಗೆ ಬರೆಯುವವರು ಬಹಳ ಜನ ಇದ್ದಾರೆ. ರೇಡಿಯೋ ಬಗ್ಗೆ ಕನ್ನಡದಲ್ಲಿ ಒಬ್ಬರೂ ಬರೆದದ್ದು ನನ್ನ ಕಣ್ಣಿಗೆ ಬಿದ್ದಿಲ್ಲ.

ಹುಚ್ಚು ಹತ್ತಿದ್ದು 2019ರ ಬೇಸಿಗೆಯಲ್ಲಿ. ತಮ್ಮ ಮಿಲ್ವಾಕಿಯಲ್ಲೇ ಕೆಲಸದಲ್ಲಿದ್ದಾನೆ. ಅವ್ವನನ್ನು ಕರೆದುಕೊಂಡು ಎರಡು ತಿಂಗಳು ಅವನ ಮನೆಯಲ್ಲಿದ್ದೆ. ಎಲ್ಲಿಗೆ ಹೊರಟರೂ ಕಾರಿನಲ್ಲಿ 620 ಎ.ಎಂ. ಅನ್ನುವ ಆ ಊರಿನ ರೇಡಿಯೋ ಸ್ಟೇಷನ್ ಹಾಕುತ್ತಿದ್ದ. ಅದರಲ್ಲಿ ಒಬ್ಬ ಮುದುಕರ ದನಿ. ಅವಸರವೇ ಇಲ್ಲ. ಚೆಂಡು ಹಾಕಿದ, ಬಿಟ್ಟ, ಮತ್ತೆ ಹಾಕಿದ. ನಡುವೆ ಏನೋ ಒಂದು ಹಳೇ ಕಥೆ. ಕಥೆ ಅರ್ಧಕ್ಕೆ ಬಂದಾಗ ಇನ್ನೊಂದು ಚೆಂಡು, ಆಮೇಲೆ ಕಥೆ ಬಿಟ್ಟಲ್ಲಿಂದಲೇ ಮುಂದಕ್ಕೆ. ನನಗೆ ಆಟದ ನಿಯಮ ಒಂದೂ ಗೊತ್ತಿರಲಿಲ್ಲ. ಆದರೂ ಪಂದ್ಯ ಮುಗಿಯುವವರೆಗೆ ಕಾರಿನಿಂದ ಇಳಿಯುವ ಮನಸ್ಸಾಗುತ್ತಿರಲಿಲ್ಲ. ನಮ್ಮ ಅಪ್ಪ ಹೊಲಿಗೆ ಮಷೀನ್ ಪಕ್ಕದಲ್ಲಿ ರೇಡಿಯೋ ಇಟ್ಟುಕೊಂಡು ಆಕಾಶವಾಣಿಯ ಕ್ರಿಕೆಟ್ ಕಾಮೆಂಟರಿ ಕೇಳುತ್ತಿದ್ದರು. ವಿಕೆಟ್ ಬಿದ್ದರೆ ಅವರ ಕಾಲು ಪೆಡಲ್ ಮೇಲೆ ನಿಂತುಬಿಡುತ್ತಿತ್ತು. ಆ ಕಾರಿನಲ್ಲಿ ಕೂತಾಗ ನನಗೆ ನೆನಪಾದದ್ದು ಅದೇ.

ಆ ದನಿ ಬಾಬ್ ಯೂಕರ್ ಅವರದು. ಮಿಲ್ವಾಕಿಯಲ್ಲೇ ಹುಟ್ಟಿದವರು. ಆಟಗಾರರಾಗಿ ಆರು ಸೀಸನ್, 14 ಹೋಮ್ ರನ್ (ನಮ್ಮ ಸಿಕ್ಸರ್ ಹಾಗೆ ಗೋಡೆ ದಾಟುವ ಹೊಡೆತ), ಅಷ್ಟೇ. ಆದರೆ 1971ರಲ್ಲಿ ಬ್ರೂವರ್ಸ್ ರೇಡಿಯೋದ ಮೈಕ್ ಹಿಡಿದವರು 2024ರವರೆಗೂ ಬಿಡಲಿಲ್ಲ. 54 ಸೀಸನ್! ಹೋಮ್ ರನ್ ಹೋದಾಗ ಅವರು ಕೂಗುತ್ತಿದ್ದದ್ದು, 'ಗೆಟ್ ಅಪ್, ಗೆಟ್ ಅಪ್, ಗೆಟ್ ಔಟಾ ಹಿಯರ್, ಗಾನ್!' ನಮ್ಮ ಅವ್ವನಿಗೂ ಅದು ಬಾಯಿಪಾಠ ಆಗಿತ್ತು. ಸ್ಟೇಡಿಯಂನ ಮೇಲಿನ ಅಂತಸ್ತಿನ ಕೊನೇ ಸಾಲಿನಲ್ಲಿ ಅವರ ಮೂರ್ತಿ ಕೂರಿಸಿದ್ದಾರೆ. ತಮ್ಮ ಅಲ್ಲಿಗೂ ಕರೆದುಕೊಂಡು ಹೋಗಿದ್ದ.

ಊರಿಗೆ ವಾಪಸ್ ಬಂದ ಮೇಲೆ ಆ ದನಿಯನ್ನು ಹುಡುಕೋಕೆ ಶುರು ಮಾಡಿದೆ. ಸುಲಭಕ್ಕೆ ಸಿಗಲಿಲ್ಲ.

ಮೊದಲು ಆ ಸ್ಟೇಷನ್‌ನ ವೆಬ್‌ಸೈಟ್ ತೆರೆದೆ. ಸುದ್ದಿ ಬಂತು, ಹವಾಮಾನ ಬಂತು, ಪಂದ್ಯದ ಹೊತ್ತಿಗೆ ಮಾತ್ರ ಬೇರೇನೋ ಕಾರ್ಯಕ್ರಮ. ನನ್ನ ಫೋನಿನ ತಪ್ಪೇನೋ ಅಂದುಕೊಂಡು ಎಷ್ಟೋ ದಿನ ತಡಕಾಡಿದೆ. ಫೋನಿನ ತಪ್ಪಲ್ಲ ಅದು. ಅಲ್ಲಿನ ಸ್ಟೇಷನ್‌ಗಳಿಗೆ ಪಂದ್ಯವನ್ನು ಗಾಳಿಯಲ್ಲಿ ಬಿಡುವ ಹಕ್ಕು ಇದೆ. ಇಂಟರ್ನೆಟ್ ಹಕ್ಕು ಇರುವುದು ಲೀಗ್ ಹತ್ತಿರ. ಹಾಗಾಗಿ ದೂರದ ಊರಿನವರಿಗೆ ಸ್ಟೇಷನ್‌ನ ಸ್ವಂತ ಸ್ಟ್ರೀಮ್‌ನಲ್ಲಿ ಪಂದ್ಯ ಬರುವುದಿಲ್ಲ. ನೀವೂ ಹುಡುಕುತ್ತಿದ್ದರೆ ಇದೊಂದು ತಿಳಿದಿರಲಿ, ನನ್ನ ಹಾಗೆ ದಿನ ಕಳೆಯಬೇಡಿ. ಸ್ಯಾಟಲೈಟ್ ರೇಡಿಯೋ ಅಂತ ಇನ್ನೊಂದಿದೆ, ಅದರ ಸಿಗ್ನಲ್ ಅಮೆರಿಕ ಖಂಡದ ಕಡೆಗೆ ಮಾತ್ರ.

ಹಾಗಾದರೆ ಮೀಡಿಯಂ ವೇವ್‌ನಲ್ಲಿ, ಅಂದರೆ ಎ.ಎಂ. ರೇಡಿಯೋದಲ್ಲಿ, ನೇರವಾಗಿ ಹಿಡಿಯಬಹುದಾ? ನಾನು ಚಿಕ್ಕವನಿದ್ದಾಗ ರಾತ್ರಿ ರೇಡಿಯೋದ ಮುಳ್ಳು ತಿರುಗಿಸಿದರೆ ಎಲ್ಲೆಲ್ಲಿಯದೋ ಸ್ಟೇಷನ್ ಸಿಗುತ್ತಿದ್ದವು. ಹಗಲಲ್ಲಿ ಮೇಲಿನ ವಾತಾವರಣದ ಒಂದು ಪದರ ಈ ಅಲೆಗಳನ್ನು ಹೀರಿಕೊಳ್ಳುತ್ತದೆ. ಸೂರ್ಯ ಮುಳುಗಿದ ಮೇಲೆ ಆ ಪದರ ಕರಗುತ್ತದೆ, ಅಲೆ ಇನ್ನೂ ಮೇಲಕ್ಕೆ ಹೋಗಿ ತಾಗಿ ದೂರದಲ್ಲಿ ಇಳಿಯುತ್ತದೆ. ಅಮೆರಿಕದ ಸೇಂಟ್ ಲೂಯಿಸ್ ಊರಿನ 1120 ಎ.ಎಂ. ಸ್ಟೇಷನ್ 50,000 ವ್ಯಾಟ್‌ನದು. ರಾತ್ರಿ ಅದು ಎಷ್ಟೋ ರಾಜ್ಯಗಳಿಗೆ ಕೇಳುತ್ತಿತ್ತು, ಅದರಿಂದಲೇ ಆ ಊರಿನ ಬೇಸ್‌ಬಾಲ್ ತಂಡ ಕಾರ್ಡಿನಲ್ಸ್‌ಗೆ ದೂರ ದೂರದ ಹಳ್ಳಿಗಳಲ್ಲೂ ಅಭಿಮಾನಿಗಳು ಹುಟ್ಟಿಕೊಂಡರು. ಆದರೆ ಅಷ್ಟು ದೊಡ್ಡ ಸ್ಟೇಷನ್ ಇದ್ದರೂ ಬಳ್ಳಾರಿಗೆ ಮುಟ್ಟುವ ಮಾತಿಲ್ಲ. ಭೂಮಿಯ ಆ ಕಡೆ ಅದು.

ಪುಕ್ಕಟೆ ಕೊಡುತ್ತೇವೆ ಅನ್ನುವ ಒಂದು ಸೈಟ್‌ಗೂ ಹೋದೆ. ಒಂದು ಒತ್ತಿದರೆ ನಾಲ್ಕು ಜಾಹೀರಾತು ತೆರೆದುಕೊಂಡವು. ಫೋನ್ ಸರಿ ಮಾಡಿಸೋಕೆ ಅರ್ಧ ದಿನ ಹೋಯಿತು. ಅಂಥ ಕಡೆ ಹೋಗಲೇಬೇಡಿ.

ಕೊನೆಗೆ ತಮ್ಮನೇ ಹೇಳಿದ, "ಅಣ್ಣಾ, ಆಡಿಯೋ ಒಂದೇ ಬೇಕಂದ್ರೆ ಅದಕ್ಕೆ ಬ್ಯಾರೆ ಚಂದಾ ಐತಿ, ವಿಡಿಯೋದಷ್ಟು ರೊಕ್ಕ ಕೊಡಬೇಕಿಲ್ಲ." ನಾನು ಕಟ್ಟಿದಾಗ ಇಡೀ ವರ್ಷಕ್ಕೆ ಸುಮಾರು 30 ಡಾಲರ್ ಇತ್ತು. ವಿಡಿಯೋ ಚಂದಾ ಇದರ ಎಷ್ಟೋ ಪಟ್ಟು. 30 ಡಾಲರ್‌ಗೆ 30 ತಂಡಗಳ ಪಂದ್ಯ ಸಿಗುತ್ತವೆ. ಒಂದೊಂದು ತಂಡ ಸೀಸನ್‌ಗೆ 162 ಪಂದ್ಯ ಆಡುತ್ತದೆ. ಮಾರ್ಚ್ ಕೊನೆಯಿಂದ ಸೆಪ್ಟೆಂಬರ್ ಕೊನೆಯವರೆಗೆ ಹೆಚ್ಚುಕಮ್ಮಿ ದಿನಾ ಪಂದ್ಯ. ನಾನು ವರ್ಷಕ್ಕೆ ನೂರು ಪಂದ್ಯವಾದರೂ ಕೇಳುತ್ತೇನೆ. ಒಂದು ಪಂದ್ಯಕ್ಕೆ ಲೆಕ್ಕ ಹಾಕಿದರೆ ಒಂದು ಪ್ಲೇಟ್ ವಗ್ಗಾಣಿ ಮಿರ್ಚಿಯ ರೊಕ್ಕ ಕೂಡ ಆಗುವುದಿಲ್ಲ.

ರೊಕ್ಕ ಕಟ್ಟುವಾಗ ಒಂದು ಗೋಳಾಯಿತು. ಬ್ಯಾಂಕಿನ ಕಾರ್ಡ್ ಮೂರು ಸಲ ಹಾಕಿದರೂ ಬೇಡ ಅಂತಿತ್ತು. ಬ್ಯಾಂಕಿಗೆ ಹೋದರೆ ಕೌಂಟರಿನವರಿಗೂ ಕಾರಣ ಗೊತ್ತಾಗಲಿಲ್ಲ, ಎರಡು ಸಲ ಅಲೆದೆ. ಆಮೇಲೆ ತಿಳಿಯಿತು. ರಿಸರ್ವ್ ಬ್ಯಾಂಕಿನ 2020ರ ನಿಯಮದ ಪ್ರಕಾರ ಹೊಸ ಕಾರ್ಡ್‌ಗಳು ದೇಶದ ಒಳಗೆ ಮಾತ್ರ ನಡೆಯುವ ಹಾಗೆ ಬರುತ್ತವೆ. ಹೊರದೇಶದ ಪಾವತಿ ಬೇಕಾದರೆ ನಾವೇ ಬ್ಯಾಂಕಿನ ಆ್ಯಪ್‌ನಲ್ಲಿ ಅದನ್ನು ಆನ್ ಮಾಡಬೇಕು. ಒಂದು ನಿಮಿಷದ ಕೆಲಸ. ಮೊದಲೇ ಮಾಡಿಟ್ಟುಕೊಳ್ಳಿ.

ಈಗ ಅಸಲು ವಿಷಯ. ಆ್ಯಪ್‌ನಲ್ಲಿ ಆ ದಿನದ ಪಂದ್ಯ ಒತ್ತಿದರೆ ಎರಡು ರೇಡಿಯೋ ಕಾಣುತ್ತವೆ. ಒಂದು ಆತಿಥೇಯ ತಂಡದ ಊರಿನದು, ಇನ್ನೊಂದು ಬಂದ ತಂಡದ ಊರಿನದು. ಯಾವುದು ಬೇಕೋ ಆರಿಸಬಹುದು. ಕೆಲವು ತಂಡಗಳಿಗೆ ಸ್ಪ್ಯಾನಿಷ್ ಕಾಮೆಂಟರಿ ಕೂಡ ಇದೆ. ನಾನು ಚಂದಾ ಕಟ್ಟುವುದು ಈ ಆಯ್ಕೆಗೇ. ದೇಶಕ್ಕೆಲ್ಲ ಮಾತಾಡುವ ಕಾಮೆಂಟೇಟರ್ ಎರಡು ತಂಡಕ್ಕೂ ಸಮ ಮಾತಾಡುತ್ತಾನೆ, ಎಲ್ಲರಿಗೂ ಗೊತ್ತಿರುವುದನ್ನೇ ಹೇಳುತ್ತಾನೆ. ಊರಿನ ರೇಡಿಯೋದವರು ಹಾಗಲ್ಲ. 162 ದಿನ ಆ ಹುಡುಗರ ಜೊತೆಗೇ ಇರುತ್ತಾರೆ. ಯಾರ ಮೊಣಕೈ ನೋಯುತ್ತಿದೆ, ಯಾರು ನಿನ್ನೆ ತಪ್ಪು ಮಾಡಿ ತಲೆ ತಗ್ಗಿಸಿದ್ದ, ಎಲ್ಲ ಗೊತ್ತು. ಮನೆಯವರ ವಿಷಯ ಮಾತಾಡಿದ ಹಾಗೆ ಮಾತಾಡುತ್ತಾರೆ. ಒಂದೇ ಪಂದ್ಯವನ್ನು ಒಂದು ದಿನ ಮಿಲ್ವಾಕಿ ರೇಡಿಯೋದಲ್ಲಿ ಅರ್ಧ, ಷಿಕಾಗೋ ರೇಡಿಯೋದಲ್ಲಿ ಅರ್ಧ ಕೇಳಿ ನೋಡಿ. ಬೇರೆ ಬೇರೆ ಎರಡು ಪಂದ್ಯ ಕೇಳಿದ ಹಾಗಿರುತ್ತದೆ.

ಇನ್ನೊಂದು ದೊಡ್ಡ ಲಾಭ. ಅಕ್ಟೋಬರ್‌ನಲ್ಲಿ ನಾಕೌಟ್ ಪಂದ್ಯ ಬಂದಾಗ ಟಿ.ವಿ. ಪ್ರಸಾರ ಪೂರ್ತಿ ದೇಶದ ದೊಡ್ಡ ಚಾನೆಲ್‌ಗಳಿಗೆ ಹೋಗುತ್ತದೆ. ಊರಿನ ಟಿ.ವಿ. ಕಾಮೆಂಟೇಟರ್‌ಗಳಿಗೆ ಅಲ್ಲಿಗೆ ಕೆಲಸ ಮುಗಿಯಿತು. ರೇಡಿಯೋದಲ್ಲಿ ಹಾಗಿಲ್ಲ, ಕೊನೆಯವರೆಗೂ ನಮ್ಮವರೇ ಇರುತ್ತಾರೆ.

ಅದಕ್ಕೇ 2024ರ ಅಕ್ಟೋಬರ್ 4ರ ಮುಂಜಾನೆ ನನಗೆ ಯೂಕರ್ ಸಿಕ್ಕರು. ಅಲ್ಲಿ ಇನ್ನೂ 3ನೇ ತಾರೀಖು. ನಮಗೆ ನವರಾತ್ರಿಯ ಎರಡನೇ ದಿನ. ದಸರೆ ಮಾಲು ಕೊಡುವ ಗಡಿಬಿಡಿ ಬೇರೆ. ಎದುರಾಳಿ ನ್ಯೂಯಾರ್ಕ್ ಮೆಟ್ಸ್. ಗೆದ್ದವರು ಮುಂದಕ್ಕೆ, ಸೋತವರು ಮನೆಗೆ. ಏಳನೇ ಇನಿಂಗ್ಸ್‌ನಲ್ಲಿ ನಮ್ಮ ಜೇಕ್ ಬಾವರ್ಸ್ ಮತ್ತು ಸಾಲ್ ಫ್ರೀಲಿಕ್ ಒಬ್ಬರ ಹಿಂದೆ ಒಬ್ಬರು ಹೋಮ್ ರನ್ ಹೊಡೆದರು. 2-0. ಒಂಬತ್ತನೇ, ಅಂದರೆ ಕೊನೇ ಇನಿಂಗ್ಸ್. ಇನ್ನು ಮೂರೇ ಔಟ್ ಬೇಕು. ನಾನು ಕಟಿಂಗ್ ಮಷೀನ್ ಆಫ್ ಮಾಡಿದ್ದೆ. ನಮ್ಮ ಬೌಲರ್ ಡೆವಿನ್ ವಿಲಿಯಮ್ಸ್, ತಂಡಕ್ಕೆ ಅವನ ಮೇಲೆ ಪೂರ್ತಿ ನಂಬಿಕೆ. ಮೆಟ್ಸ್‌ನ ಇಬ್ಬರು ಬೇಸ್ ಮೇಲೆ, ಅಂದರೆ ರನ್‌ಗೆ ಓಡುವವರು ನಿಲ್ಲುವ ಜಾಗದಲ್ಲಿ, ಬಂದು ನಿಂತರು. ಆಮೇಲೆ ಅವರ ಪೀಟ್ ಅಲಾನ್ಸೊ ಚೆಂಡನ್ನು ಬಲಗಡೆ ಗೋಡೆಯಾಚೆ ಕಳಿಸಿದ. ಒಂದೇ ಹೊಡೆತಕ್ಕೆ ಮೂರು ರನ್. ಸ್ಪೀಕರ್‌ನಲ್ಲಿ ಇಡೀ ಸ್ಟೇಡಿಯಂ ತಣ್ಣಗಾದದ್ದು ಇಲ್ಲಿಗೆ ಕೇಳಿಸಿತು. ಕೊನೆಗೆ 4-2. ಚಾಕ್ ಕೈಯಲ್ಲೇ ಇತ್ತು. ಆವತ್ತು ಒಂಬತ್ತಾದರೂ ಒಂದು ಪೀಸ್ ಕಟ್ ಆಗಿರಲಿಲ್ಲ.

ಅದೇ ಯೂಕರ್ ಅವರ ಕೊನೆಯ ಪಂದ್ಯ ಆಯಿತು. ಸಂಕ್ರಾಂತಿ ಆಗಿ ಎರಡು ದಿನಕ್ಕೆ, 2025ರ ಜನವರಿ 16ರ ರಾತ್ರಿ ತಮ್ಮ ಫೋನ್ ಮಾಡಿದ. "ಅಣ್ಣಾ, ಅಜ್ಜ ಹೋದ್ರು." ಅವರಿಗೆ 90 ವರ್ಷ. ಅವರನ್ನು ನಾನು ಒಂದು ಸಲವೂ ನೋಡಿಲ್ಲ. ಆದರೂ ಆ ರಾತ್ರಿ ಊಟ ಸೇರಲಿಲ್ಲ.

ಚಂದಾ ಮುಂದುವರಿಸುವುದೋ ಬೇಡವೋ ಅಂತ ಮಾರ್ಚ್‌ವರೆಗೂ ಯೋಚನೆ ಮಾಡಿದೆ. ಮುಂದುವರಿಸಿದ್ದು ಒಳ್ಳೆಯದಾಯಿತು. ಜೆಫ್ ಲೆವರಿಂಗ್, ಲೇನ್ ಗ್ರಿಂಡಲ್ ಇಬ್ಬರೂ ಯೂಕರ್ ಪಕ್ಕದಲ್ಲಿ ಕೂತು ಬೆಳೆದವರು. ಅವರ ಹಾಗೆ ಮಾತಾಡೋಕೆ ಹೋಗುವುದಿಲ್ಲ, ತಮ್ಮ ಹಾಗೇ ಮಾತಾಡುತ್ತಾರೆ. ಆ ವರ್ಷ ತಂಡ 97 ಪಂದ್ಯ ಗೆದ್ದಿತು, ಲೀಗ್‌ನಲ್ಲೇ ಎಲ್ಲರಿಗಿಂತ ಜಾಸ್ತಿ. ಆಗಸ್ಟ್‌ನಲ್ಲಿ ಸಾಲಾಗಿ 14 ಗೆಲುವು. ಆ ದಿನಗಳಲ್ಲಿ ನನಗೆ ಅಲಾರಂ ಬೇಕಾಗುತ್ತಿರಲಿಲ್ಲ.

ಹೊಸಬರಿಗೆ ಒಂದೆರಡು ಮಾತು. ಇಂಟರ್ನೆಟ್ ರೇಡಿಯೋ ಯಾವಾಗಲೂ ಸ್ವಲ್ಪ ಹಿಂದೆ ಓಡುತ್ತದೆ. ಹೋಮ್ ರನ್ ಹೋದ ನೋಟಿಫಿಕೇಶನ್ ಮೊದಲು ಬರುತ್ತದೆ, ಕಾಮೆಂಟೇಟರ್ ಬಾಯಿಂದ ಆಮೇಲೆ. ಮಜಾ ಎಲ್ಲ ಹೋಗುತ್ತದೆ. ಸ್ಕೋರ್ ನೋಟಿಫಿಕೇಶನ್ ಮೊದಲು ಬಂದ್ ಮಾಡಿ. ಡೇಟಾ ಚಿಂತೆ ಬೇಡ, 64 ಕೆ.ಬಿ.ಪಿ.ಎಸ್. ಆಡಿಯೋಗೆ ಗಂಟೆಗೆ 29 ಎಂ.ಬಿ. ಸುತ್ತಮುತ್ತ ಖರ್ಚು. ಕರೆಂಟ್ ಹೋಗಿ ವೈಫೈ ನಿಂತಾಗ ಮೊಬೈಲ್ ಡೇಟಾದಲ್ಲೇ ಆರಾಮಾಗಿ ನಡೆಯುತ್ತದೆ. ನನ್ನ ಹಾಗೆ ಕಟಿಂಗ್ ಮಷೀನ್ ಹಿಡಿಯುವವರು ಇಯರ್‌ಫೋನ್ ಹಾಕಬೇಡಿ, ಸಣ್ಣ ಸ್ಪೀಕರ್ ಇಟ್ಟುಕೊಳ್ಳಿ. ಬ್ಲೇಡ್ ಸದ್ದು ಕಿವಿಗೆ ಬೀಳುತ್ತಿರಬೇಕು.

ಆಟ ಗೊತ್ತಿಲ್ಲದಿದ್ದರೂ ರೇಡಿಯೋದಲ್ಲೇ ಕಲಿಯಬಹುದು, ನಾನು ಹಾಗೇ ಕಲಿತೆ. ಅವರು ಪ್ರತಿ ಚೆಂಡಿಗೂ ಲೆಕ್ಕ ಹೇಳುತ್ತಾರೆ. 'ಟೂ ಅಂಡ್ ಒನ್' ಅಂದರೆ ಎರಡು ಬಾಲ್, ಒಂದು ಸ್ಟ್ರೈಕ್. ಬಾಲ್ ಅಂದರೆ ಹೊಡೆಯುವ ಅಳತೆಯ ಹೊರಗೆ ಬಂದ, ಬ್ಯಾಟ್ ಬೀಸದೆ ಬಿಟ್ಟ ಚೆಂಡು; ಸ್ಟ್ರೈಕ್ ಅಂದರೆ ಅಳತೆಯೊಳಗೆ ಬಂದರೂ ಬಿಟ್ಟದ್ದು ಅಥವಾ ಬೀಸಿ ತಪ್ಪಿದ್ದು. ನಾಲ್ಕು ಬಾಲ್ ಆದರೆ ಬ್ಯಾಟ್ಸ್‌ಮನ್ ಪುಕ್ಕಟೆ ಮೊದಲ ಬೇಸ್‌ಗೆ ಹೋಗುತ್ತಾನೆ, ಮೂರು ಸ್ಟ್ರೈಕ್ ಆದರೆ ಔಟ್. 'ತ್ರೀ ಅಂಡ್ ಟೂ' ಅಂತ ಕೇಳಿದರೆ ಕೈಯಲ್ಲಿದ್ದ ಕೆಲಸ ನಿಲ್ಲಿಸಿ. ಇಷ್ಟು ಗೊತ್ತಾದರೆ ಎರಡು ವಾರದಲ್ಲಿ ಮೈದಾನ ಕಣ್ಣ ಮುಂದೆ ಬರುತ್ತದೆ.

ಒಂದು ಬೇಸರ ಇದೆ. ಅದು ಆ್ಯಪ್‌ದಲ್ಲ, ಆಟದ್ದು. 2023ರಲ್ಲಿ ಪಿಚ್ ಕ್ಲಾಕ್ ತಂದರು. ಬೇಸ್ ಖಾಲಿ ಇದ್ದರೆ 15 ಸೆಕೆಂಡ್ ಒಳಗೆ ಚೆಂಡು ಹಾಕಬೇಕು. ಪಂದ್ಯ ಸರಾಸರಿ 3 ಗಂಟೆಯಿಂದ 2 ಗಂಟೆ 40 ನಿಮಿಷಕ್ಕೆ ಇಳಿಯಿತು. ಟಿ.ವಿ. ನೋಡುವವರಿಗೆ ಒಳ್ಳೆಯದೇ. ಆದರೆ ಹಿಂದೆ ಎರಡು ಚೆಂಡಿನ ನಡುವೆ ಒಂದು ಕಥೆ ಹಿಡಿಸುತ್ತಿತ್ತು, ಈಗ ಹಿಡಿಸುವುದಿಲ್ಲ. 2019ರಲ್ಲಿ ಕಾರಿನಲ್ಲಿ ಕೇಳಿದ ಆ ನಿಧಾನ ನನಗೆ ಇನ್ನೂ ಬೇಕು. ಅದಕ್ಕೇ ಮಳೆ ಬಂದು ಬೇರೆ ಯಾವುದಾದರೂ ಊರಿನಲ್ಲಿ ಪಂದ್ಯ ನಿಂತರೆ ನಾನು ಆ ರೇಡಿಯೋ ಬಿಟ್ಟು ಬರುವುದಿಲ್ಲ. ಆಗ ಅವರಿಗೆ ಮಾತಾಡೋಕೆ ಟೈಮ್ ಸಿಗುತ್ತದೆ.

ಭಾನುವಾರದ ಮಧ್ಯಾಹ್ನದ ಪಂದ್ಯ ನಮಗೆ ರಾತ್ರಿ 11 ಗಂಟೆ 40 ನಿಮಿಷಕ್ಕೆ ಶುರು. ಅದನ್ನು ಯೂನಿಟ್‌ನಲ್ಲಿ ಕೇಳುವುದಿಲ್ಲ. ಚಾಪೆ, ನೀರಿನ ಚೊಂಬು ತಗೊಂಡು ಮಾಳಿಗೆಗೆ ಹೋಗುತ್ತೇನೆ. ಅವ್ವನೂ ಬಂದು ಪಕ್ಕದಲ್ಲಿ ಮಲಗುತ್ತಾಳೆ. ಇಂಗ್ಲಿಷ್ ಅವಳಿಗೆ ಬರುವುದಿಲ್ಲ. ಹಿಂದೆ ಜನರ ಗದ್ದಲ ಜೋರಾದಾಗ ಮಾತ್ರ ಕೇಳುತ್ತಾಳೆ, "ಹೋತೇನೋ ಹೊರಗ?"