ಹತ್ತು ರೂಪಾಯಿಯ ಅರ್ಜಿ, ಮೂರು ಮೆಟ್ಟಿಲು: ಮಾಹಿತಿ ಹಕ್ಕು ಎಂಬ ಸೇವೆಯ ವಿಮರ್ಶೆ

ತೆರಿಗೆ ಹಣ ಎಲ್ಲಿಗೆ ಹೋಯಿತು ಎಂದು ಗೊತ್ತಿಲ್ಲದ ಮತದಾರ ಯಾರನ್ನು ಹೊಣೆ ಮಾಡಬೇಕು? ಭ್ರಷ್ಟಾಚಾರ ಸಂವಿಧಾನಕ್ಕೆ ಮಾಡುವ ದೊಡ್ಡ ಹಾನಿ ಇಲ್ಲಿದೆ. ಚುನಾವಣೆ ತಪ್ಪದೆ ನಡೆಯುತ್ತದೆ, ಅಧಿವೇಶನ ಸೇರುತ್ತದೆ, ಬಜೆಟ್ ಪಾಸಾಗುತ್ತದೆ. ಆದರೆ ಖರ್ಚಿನ ಕಡತ ಬೀರುವಿನಿಂದ ಆಚೆ ಬರುವುದಿಲ್ಲ. ಸಾರ್ವಜನಿಕ ಅಧಿಕಾರಿಗಳು ಸಾರ್ವಜನಿಕವಾಗಿ ಮಾಡುವ ಪ್ರತಿಯೊಂದು ಕೆಲಸವನ್ನೂ ತಿಳಿಯುವ ಹಕ್ಕು ಜನರಿಗಿದೆ ಎಂದು ಸುಪ್ರೀಂ ಕೋರ್ಟ್ 1975ರಲ್ಲೇ ರಾಜ್ ನಾರಾಯಣ್ ಪ್ರಕರಣದಲ್ಲಿ ಹೇಳಿತು. 2024ರ ಫೆಬ್ರುವರಿ 15ರಂದು ಪಕ್ಷಗಳಿಗೆ ಹೆಸರು ಹೊರಬೀಳದಂತೆ ದೇಣಿಗೆ ಕೊಡಲು ಇದ್ದ ಚುನಾವಣಾ ಬಾಂಡ್ ಯೋಜನೆಯನ್ನು ರದ್ದುಪಡಿಸಿದಾಗಲೂ ಆಧಾರವಾಗಿದ್ದದ್ದು ಸಂವಿಧಾನದ ವಿಧಿ 19(1)(ಎ), ಅಂದರೆ ಮತದಾರನ ತಿಳಿಯುವ ಹಕ್ಕು.

ಈ ಹಕ್ಕನ್ನು ವಕೀಲರಿಲ್ಲದೆ, ಕೋರ್ಟಿನ ಮೆಟ್ಟಿಲು ಹತ್ತದೆ ಚಲಾಯಿಸಲು ನಮಗಿರುವ ಸೇವೆ 2005ರ ಅಕ್ಟೋಬರ್ 12ರಿಂದ ಪೂರ್ಣವಾಗಿ ಜಾರಿಯಲ್ಲಿರುವ ಮಾಹಿತಿ ಹಕ್ಕು ಕಾಯ್ದೆ. ಅಭಿಪ್ರಾಯವನ್ನು ಮೊದಲೇ ಹೇಳಿಬಿಡುವುದು ಒಳ್ಳೆಯದು. ಅರ್ಜಿ ಎಂಬ ಮೊದಲ ಮೆಟ್ಟಿಲು ಇವತ್ತಿಗೂ ಗಟ್ಟಿಯಾಗಿದೆ. ಎರಡನೆಯದಾದ ಮೊದಲ ಮೇಲ್ಮನವಿ ಅಲ್ಲಿ ಕೂತಿರುವ ಅಧಿಕಾರಿಯ ಮೇಲೆ ನಿಂತಿದೆ. ಮೂರನೆಯದಾದ ಮಾಹಿತಿ ಆಯೋಗ ಬಹಳ ದುರ್ಬಲವಾಗಿದೆ. ಹಾಗಾಗಿ ಮೂರನೆಯ ಮೆಟ್ಟಿಲಿನವರೆಗೆ ಹೋಗಬೇಕಾಗದಂತೆ ಮೊದಲ ಅರ್ಜಿಯನ್ನೇ ಬಿಗಿಯಾಗಿ ಬರೆಯುವುದು ಈ ಸೇವೆಯನ್ನು ಬಳಸುವ ಸರಿಯಾದ ದಾರಿ.

ಶುಲ್ಕದ ಬಗ್ಗೆ ದೂರಿಲ್ಲ. ಕೇಂದ್ರ ಕಚೇರಿಗಳಿಗೂ ಕರ್ನಾಟಕ ಸರ್ಕಾರದ ಕಚೇರಿಗಳಿಗೂ ಅರ್ಜಿಗೆ 10 ರೂಪಾಯಿ, ಎ4 ಪ್ರತಿಗೆ ಪುಟಕ್ಕೆ 2 ರೂಪಾಯಿ. ಬಡತನ ರೇಖೆಗಿಂತ ಕೆಳಗಿರುವವರು ಪುರಾವೆ ಲಗತ್ತಿಸಿದರೆ ಅರ್ಜಿ ಶುಲ್ಕ ಕೊಡಬೇಕಿಲ್ಲ. ಆನ್‌ಲೈನಿನಲ್ಲಿ ಕೇಂದ್ರಕ್ಕೊಂದು, ಕರ್ನಾಟಕಕ್ಕೊಂದು ಪೋರ್ಟಲ್ ಇದೆ. ಎರಡನ್ನೂ ಬೆರೆಸಬೇಡಿ. ರಾಜ್ಯದ ಕಚೇರಿಗೆ ಸೇರಿದ ಪ್ರಶ್ನೆಯನ್ನು ಕೇಂದ್ರದ ಪೋರ್ಟಲ್‌ನಲ್ಲಿ ಹಾಕಿದರೆ ಅರ್ಜಿ ವಾಪಸ್ ಬರುತ್ತದೆ, ಹಣ ಬರುವುದಿಲ್ಲ. ತಾಲ್ಲೂಕು ಮಟ್ಟದ ಕಚೇರಿಗಳಿಗೆ ಅಂಚೆಯೇ ಹೆಚ್ಚು ನಂಬಿಕೆಯ ದಾರಿ. 2025ರಲ್ಲಿ ರಿಜಿಸ್ಟರ್ಡ್ ಪೋಸ್ಟ್ ಸ್ಪೀಡ್ ಪೋಸ್ಟ್‌ನಲ್ಲಿ ವಿಲೀನವಾಗಿರುವುದರಿಂದ ಈಗ ಸ್ಪೀಡ್ ಪೋಸ್ಟ್‌ನಲ್ಲೇ ಕಳಿಸಿ, ರಸೀದಿಯನ್ನೂ ತಲುಪಿದ ದಿನಾಂಕ ತೋರಿಸುವ ಟ್ರ್ಯಾಕಿಂಗ್ ಪುಟದ ಪ್ರಿಂಟನ್ನೂ ಇಟ್ಟುಕೊಳ್ಳಿ. ಶುಲ್ಕಕ್ಕೆ ಲಗತ್ತಿಸುವ ಪೋಸ್ಟಲ್ ಆರ್ಡರ್ ಯಾರ ಹೆಸರಿಗೆ ಇರಬೇಕು ಎಂದು ಕಚೇರಿಯಲ್ಲಿ ಮೊದಲೇ ಕೇಳಿಕೊಳ್ಳಿ. ಹೆಸರಿನ ಸಣ್ಣ ತಪ್ಪಿಗೆ ಅರ್ಜಿ ಹಿಂದಿರುಗಿಸಿ ದಿನ ತಳ್ಳುವುದು ಸಾಮಾನ್ಯ.

ಅರ್ಜಿ ಬರೆಯುವ ವಿಷಯಕ್ಕೆ ಬರೋಣ. ಹೆಚ್ಚಿನ ಅರ್ಜಿಗಳು ಸೋಲುವುದು ಇಲ್ಲೇ. ಕರ್ನಾಟಕದ ನಿಯಮಗಳಲ್ಲಿ 2008ರ ತಿದ್ದುಪಡಿಯ ನಂತರ ಒಂದು ಅರ್ಜಿಗೆ ಒಂದೇ ವಿಷಯ, ಸಾಮಾನ್ಯವಾಗಿ 150 ಪದಗಳ ಮಿತಿ. ಕೇಂದ್ರದ 2012ರ ನಿಯಮಗಳಲ್ಲಿ ಮಿತಿ 500 ಪದ. 150 ಪದದಲ್ಲಿ ಪೀಠಿಕೆಗೆ, ಆರೋಪಕ್ಕೆ, ಸಿಟ್ಟಿಗೆ ಜಾಗವಿಲ್ಲ. ಏಕೆ ಕೇಳುತ್ತಿದ್ದೀರಿ ಎಂದು ಹೇಳಬೇಕಾಗಿಯೂ ಇಲ್ಲ, ಕಲಂ 6(2) ಅದನ್ನು ಸ್ಪಷ್ಟವಾಗಿ ಹೇಳಿದೆ.

‘ನಮ್ಮ ಊರಿನ ರಸ್ತೆ ಏಕೆ ಕಳಪೆಯಾಗಿದೆ?’ ಎಂದು ಕೇಳಿದರೆ ಉತ್ತರ ಬರುವುದಿಲ್ಲ. ಏಕೆ ಎಂಬುದಕ್ಕೆ ಕಚೇರಿಯಲ್ಲಿ ಕಾಗದ ಇರುವುದಿಲ್ಲ. ಕಚೇರಿಯಲ್ಲಿರುವ ದಾಖಲೆಯನ್ನು ಇದ್ದಂತೆ ಕೊಡಬೇಕು, ಇಲ್ಲದ್ದನ್ನು ಹೊಸದಾಗಿ ತಯಾರಿಸಿ ಕೊಡಬೇಕಿಲ್ಲ ಎಂದು ಸುಪ್ರೀಂ ಕೋರ್ಟ್ 2011ರಲ್ಲಿ ಆದಿತ್ಯ ಬಂದೋಪಾಧ್ಯಾಯ ಪ್ರಕರಣದಲ್ಲಿ ತೀರ್ಪು ಕೊಟ್ಟಿದೆ. ಆದ್ದರಿಂದ ಪ್ರಶ್ನೆ ಕೇಳಬೇಡಿ, ಕಾಗದದ ಹೆಸರು ಹಿಡಿದು ಕೇಳಿ. ಮೊದಲ ಅರ್ಜಿಯಲ್ಲಿ ಆ ವರ್ಷದ ಕಾಮಗಾರಿಗಳ ಪಟ್ಟಿ ಮಾತ್ರ. ಪಟ್ಟಿ ಕೈಗೆ ಬಂದ ಮೇಲೆ ಒಂದೇ ಕಾಮಗಾರಿಯನ್ನು ಆರಿಸಿ ಎರಡನೆಯ ಅರ್ಜಿ: ಮಂಜೂರಾದ ಅಂದಾಜು ಪಟ್ಟಿ, ಟೆಂಡರ್ ತುಲನಾ ಪಟ್ಟಿ, ಕಾರ್ಯಾದೇಶ, ಅಳತೆ ಪುಸ್ತಕದ ಸಂಬಂಧಪಟ್ಟ ಪುಟಗಳು, ಗುಣಮಟ್ಟ ಪರೀಕ್ಷಾ ವರದಿ, ಪಾವತಿಸಿದ ಬಿಲ್ಲುಗಳು, ಕಡತದ ಟಿಪ್ಪಣಿ ಹಾಳೆಗಳು. ಪ್ರತಿಯೊಂದಕ್ಕೂ ‘ದೃಢೀಕೃತ ಪ್ರತಿ’ ಎಂದು ಬರೆಯಿರಿ. ಟಿಪ್ಪಣಿ ಹಾಳೆಯನ್ನು ಮರೆಯಬೇಡಿ. ಯಾರು ಆಕ್ಷೇಪ ಎತ್ತಿದರು, ಯಾರು ಅದನ್ನು ಬದಿಗೊತ್ತಿ ಸಹಿ ಹಾಕಿದರು ಎಂಬುದು ಅಲ್ಲಿ ಮಾತ್ರ ಸಿಗುತ್ತದೆ.

ಇವುಗಳಲ್ಲಿ ಅತಿ ಹೆಚ್ಚು ಹೇಳುವ ದಾಖಲೆ ಅಳತೆ ಪುಸ್ತಕ. ಎಂಜಿನಿಯರುಗಳ ಬಾಯಲ್ಲಿ ಎಂ.ಬಿ. ಬಿಲ್ಲಿನ ಪ್ರತಿ ರೂಪಾಯಿಯೂ ಅಲ್ಲಿನ ಅಳತೆಯಿಂದ ಹುಟ್ಟುತ್ತದೆ. 100 ಮೀಟರ್ ಉದ್ದ, 3 ಮೀಟರ್ ಅಗಲ, 0.15 ಮೀಟರ್ ದಪ್ಪದ ಕಾಂಕ್ರೀಟ್ ರಸ್ತೆ ಎಂದು ಎಂ.ಬಿ.ಯಲ್ಲಿದ್ದರೆ 45 ಘನ ಮೀಟರ್ ಕಾಂಕ್ರೀಟಿಗೆ ಹಣ ಹೋಗಿದೆ. ಸ್ಥಳದಲ್ಲಿ ರಸ್ತೆಯ ಅಂಚಿಗೆ ಟೇಪು ಹಿಡಿದಾಗ ದಪ್ಪ 0.10 ಮೀಟರ್ ಬಂದರೆ ಹಾಕಿರುವುದು 30 ಘನ ಮೀಟರ್. ಕಾಂಕ್ರೀಟಿಗೆ ಕೊಟ್ಟ ಹಣದಲ್ಲಿ ಮೂರನೇ ಒಂದು ಭಾಗ ರಸ್ತೆಯಲ್ಲಿ ಇಲ್ಲ. ಅಂಚಿನಲ್ಲಿ ಮಾತ್ರ ಸರಿಯಾದ ದಪ್ಪ ಕೊಟ್ಟು ನಡುವೆ ತೆಳುವಾಗಿಸುವುದೂ ಉಂಟು. ಅದಕ್ಕೆ ಕಲಂ 2(ಜೆ) ಇದೆ. ಕಾಮಗಾರಿಯನ್ನು ಪರಿಶೀಲಿಸುವ, ಬಳಸಿದ ವಸ್ತುವಿನ ದೃಢೀಕೃತ ಮಾದರಿ ಪಡೆಯುವ ಹಕ್ಕು ಆ ಕಲಮಿನಲ್ಲೇ ಬರುತ್ತದೆ. ಇದನ್ನು ಬಳಸುವವರು ಬಹಳ ಕಡಿಮೆ.

ದಿನಾಂಕಗಳನ್ನು ಪಕ್ಕಪಕ್ಕ ಇಟ್ಟು ನೋಡಿ. ಕಾಂಕ್ರೀಟಿನ 28 ದಿನದ ಬಲ ಎಂದು ವರದಿಯಲ್ಲಿ ಬರೆದಿದ್ದರೆ, ಕಾಂಕ್ರೀಟ್ ಹಾಕಿದ ದಿನಕ್ಕೂ ಪರೀಕ್ಷೆಯ ದಿನಕ್ಕೂ ನಡುವೆ 28 ದಿನ ಇರಲೇಬೇಕು. 12 ದಿನಕ್ಕೇ ಅಂಥ ವರದಿ ಬಂದಿದ್ದರೆ ಪರೀಕ್ಷೆ ಮಾಡಿದ ಆ ಕಾಂಕ್ರೀಟ್ ಘನಗಳು (ಕ್ಯೂಬ್) ಈ ರಸ್ತೆಯವಲ್ಲ. ಪರೀಕ್ಷೆಗೆ ಮುಂಚೆಯೇ ಅಂತಿಮ ಬಿಲ್ ಪಾವತಿಯಾಗಿದೆಯೇ, ಕಾರ್ಯಾದೇಶಕ್ಕಿಂತ ಮೊದಲೇ ಅಳತೆ ಬರೆದಿದೆಯೇ ಎಂದು ನೋಡಿ. ಎಲ್ಲ ಕಡೆಯೂ ದಪ್ಪ ಒಂದೇ ಸಮ, ಮಿಲಿಮೀಟರ್ ಕೂಡ ಹೆಚ್ಚುಕಡಿಮೆ ಇಲ್ಲ ಎಂದಿದ್ದರೆ, ಅಳತೆಯನ್ನು ಸ್ಥಳದಲ್ಲಿ ತೆಗೆದಿದ್ದಾರೋ ಮೇಜಿನ ಮೇಲೆ ಬರೆದಿದ್ದಾರೋ ಎಂದು ಅನುಮಾನಿಸಲು ಕಾರಣವಿದೆ.

ಇನ್ನು ಗಡುವು. ಸಾಮಾನ್ಯವಾಗಿ 30 ದಿನ, ಜೀವ ಮತ್ತು ಸ್ವಾತಂತ್ರ್ಯದ ಪ್ರಶ್ನೆಯಾದರೆ 48 ಗಂಟೆ. ಕೇಂದ್ರದ ಪೋರ್ಟಲ್‌ನ ಮೇಲಿನ ಪದ್ಧತಿ ಬಿಟ್ಟರೆ, ಬೇರೆ ಕಚೇರಿಗೆ ಸೇರಿದ ವಿಷಯವನ್ನು ‘ನಮಗೆ ಸಂಬಂಧಿಸಿಲ್ಲ’ ಎಂದು ಹಿಂದಿರುಗಿಸುವಂತಿಲ್ಲ, 5 ದಿನದೊಳಗೆ ಅವರೇ ವರ್ಗಾಯಿಸಬೇಕು. 29ನೇ ದಿನ ‘ಇಷ್ಟು ಪುಟ, ಇಷ್ಟು ಹಣ ಕಟ್ಟಿ’ ಎಂಬ ಪತ್ರ ಬಂದರೆ ಗಾಬರಿಯಾಗಬೇಡಿ, ತಕ್ಷಣ ಕಟ್ಟಿ. ಪತ್ರ ಕಳಿಸಿದ ದಿನದಿಂದ ಹಣ ಕಟ್ಟುವ ದಿನದವರೆಗಿನ ಅವಧಿ ಲೆಕ್ಕಕ್ಕೆ ಬರುವುದಿಲ್ಲ. 30 ದಿನ ಕಳೆದ ಮೇಲೆ ಹಣ ಕೇಳಿದರೆ ಕಲಂ 7(6) ತೋರಿಸಿ. ತಡವಾದ ಮಾಹಿತಿಯನ್ನು ಉಚಿತವಾಗಿಯೇ ಕೊಡಬೇಕು.

ನಿರಾಕರಣೆಗೆ ಬಳಸುವ ಕಾರಣಗಳು ಹೆಚ್ಚೇನಿಲ್ಲ. ‘ತನಿಖೆ ನಡೆಯುತ್ತಿದೆ’ ಎಂದಷ್ಟೇ ಬರೆದರೆ ಸಾಲದು, ಮಾಹಿತಿ ಕೊಟ್ಟರೆ ತನಿಖೆಗೆ ಹೇಗೆ ಅಡ್ಡಿಯಾಗುತ್ತದೆ ಎಂದು ತೋರಿಸಬೇಕು. ದೆಹಲಿ ಹೈಕೋರ್ಟ್ 2007ರಲ್ಲಿ ಭಗತ್ ಸಿಂಗ್ ಪ್ರಕರಣದಲ್ಲಿ ಹೇಳಿದ್ದು ಇದನ್ನೇ. ‘ಕಡತ ಸಿಗುತ್ತಿಲ್ಲ’ ಎಂಬುದು ಕಾಯ್ದೆಯಲ್ಲಿ ವಿನಾಯಿತಿಯೇ ಅಲ್ಲ. ಗುತ್ತಿಗೆದಾರ ಒಪ್ಪುತ್ತಿಲ್ಲ ಎಂದರೆ, ಕಲಂ 11ರಲ್ಲಿ ಮೂರನೇ ವ್ಯಕ್ತಿಗೆ ಆಕ್ಷೇಪ ಹೇಳುವ ಅವಕಾಶವಿದೆಯೇ ಹೊರತು ತಡೆಯುವ ಅಧಿಕಾರವಿಲ್ಲ. ‘ಮಾಹಿತಿ ಬೃಹತ್ತಾಗಿದೆ’ ಎಂದು ಕಲಂ 7(9) ಹೇಳಿ ತಿರಸ್ಕರಿಸುವುದೂ ತಪ್ಪು. ಆ ಕಲಂ ಮಾಹಿತಿಯ ರೂಪವನ್ನು ಬದಲಿಸಲು ಬಿಡುತ್ತದೆ ಅಷ್ಟೆ, ಕಡತ ಪರಿಶೀಲನೆಗೆ ಅವಕಾಶ ಕೇಳಿ. ನಿರಾಕರಿಸಿದ್ದು ಸರಿ ಎಂದು ಸಾಬೀತು ಮಾಡುವ ಹೊಣೆ ಕಲಂ 19(5)ರ ಪ್ರಕಾರ ಅಧಿಕಾರಿಯದ್ದು, ಅರ್ಜಿದಾರನದ್ದಲ್ಲ.

ಈ ಸೇವೆಗೆ ಇತ್ತೀಚೆಗೆ ಬಿದ್ದಿರುವ ದೊಡ್ಡ ಪೆಟ್ಟು ಕಲಂ 8(1)(ಜೆ) ತಿದ್ದುಪಡಿ. ಮೊದಲು ವೈಯಕ್ತಿಕ ಮಾಹಿತಿಯನ್ನು ನಿರಾಕರಿಸಬೇಕಾದರೆ ಅದಕ್ಕೆ ಸಾರ್ವಜನಿಕ ಕೆಲಸದ ಸಂಬಂಧ ಇರಬಾರದಿತ್ತು, ಇಲ್ಲವೇ ಅದು ಖಾಸಗಿತನದ ಮೇಲೆ ಅನಗತ್ಯ ದಾಳಿಯಾಗಬೇಕಿತ್ತು. ಸಂಸತ್ತಿಗೆ ನಿರಾಕರಿಸಲಾಗದ ಮಾಹಿತಿಯನ್ನು ನಾಗರಿಕನಿಗೂ ನಿರಾಕರಿಸುವಂತಿಲ್ಲ ಎಂಬ ಮಾತೂ ಅಲ್ಲಿತ್ತು. 2023ರ ಡಿಜಿಟಲ್ ವೈಯಕ್ತಿಕ ದತ್ತಾಂಶ ರಕ್ಷಣಾ ಕಾಯ್ದೆಯ ಕಲಂ 44(3) ಇದನ್ನೆಲ್ಲ ತೆಗೆದು, ವೈಯಕ್ತಿಕ ಮಾಹಿತಿ ಎಂದಾದರೆ ಸಾಕು ಎಂದು ಮಾಡಿತು. 2025ರ ನವೆಂಬರ್‌ನಲ್ಲಿ ಅದು ಜಾರಿಗೂ ಬಂತು. ಇದು ಮಾಹಿತಿ ಹಕ್ಕಿನ ಬುಡಕ್ಕೇ ತಾಗುತ್ತದೆ. 1994ರಿಂದ ರಾಜಸ್ಥಾನದ ಹಳ್ಳಿಗಳಲ್ಲಿ ಮಜ್ದೂರ್ ಕಿಸಾನ್ ಶಕ್ತಿ ಸಂಘಟನೆ ನಡೆಸಿದ ಜನಸುನವಾಯಿಗಳಲ್ಲಿ, ಅಂದರೆ ಊರಿನವರ ಮುಂದೆ ನಡೆದ ಬಹಿರಂಗ ವಿಚಾರಣೆಗಳಲ್ಲಿ, ಹಾಜರಿ ಪಟ್ಟಿಗಳನ್ನು ಗಟ್ಟಿಯಾಗಿ ಓದಿದಾಗಲೇ, ಕೆಲಸಕ್ಕೆ ಬಾರದವರ ಹೆಸರಿನಲ್ಲಿ, ಸತ್ತವರ ಹೆಸರಿನಲ್ಲಿ ಕೂಲಿ ಎತ್ತಿರುವುದು ಹೊರಬಿದ್ದದ್ದು. ಹೆಸರೇ ಇಲ್ಲದ ಪಟ್ಟಿಯಿಂದ ಕಳ್ಳತನ ಹಿಡಿಯಲಾಗದು.

ಆದರೂ ದಾರಿ ಪೂರ್ತಿ ಮುಚ್ಚಿಲ್ಲ. ಸಾರ್ವಜನಿಕ ಹಿತ ದೊಡ್ಡದಾದರೆ ವಿನಾಯಿತಿ ಇದ್ದರೂ ಮಾಹಿತಿ ಕೊಡಬಹುದು ಎನ್ನುವ ಕಲಂ 8(2) ಉಳಿದಿದೆ. ಸಹಾಯಧನ ಯೋಜನೆಗಳ ಫಲಾನುಭವಿಗಳ ವಿವರವನ್ನು ಕಚೇರಿ ತಾನಾಗಿಯೇ ಪ್ರಕಟಿಸಬೇಕು ಎನ್ನುವ ಕಲಂ 4(1)(ಬಿ)(xii) ಕೂಡ ಇದೆ. ಹೆಸರುಳ್ಳ ದಾಖಲೆ ಕೇಳುವಾಗ ಇವೆರಡನ್ನೂ ಅರ್ಜಿಯಲ್ಲೇ ನಮೂದಿಸಿ. ಆಧಾರ್ ಸಂಖ್ಯೆ, ಬ್ಯಾಂಕ್ ಖಾತೆ ಸಂಖ್ಯೆ ಬೇಡ ಎಂದೂ, ಕಲಂ 10ರಂತೆ ಅವನ್ನು ಮರೆಮಾಡಿ ಉಳಿದದ್ದು ಕೊಡಿ ಎಂದೂ ಬರೆಯಿರಿ. ನಿರಾಕರಿಸಲು ಉಳಿಯುವ ನೆಪ ಅಷ್ಟರಮಟ್ಟಿಗೆ ಕಡಿಮೆಯಾಗುತ್ತದೆ.

ಮೊದಲ ಮೇಲ್ಮನವಿಯ ಬಗ್ಗೆ ಹೆಚ್ಚು ಹೇಳಲು ಇಲ್ಲ. ಉತ್ತರ ಬಂದ 30 ದಿನದೊಳಗೆ, ಉತ್ತರವೇ ಬರದಿದ್ದರೆ ಗಡುವು ಮುಗಿದ 30 ದಿನದೊಳಗೆ, ಅದೇ ಕಚೇರಿಯ ಹಿರಿಯ ಅಧಿಕಾರಿಗೆ. ಅವರು 30 ದಿನದಲ್ಲಿ, ಕಾರಣ ದಾಖಲಿಸಿದರೆ ಗರಿಷ್ಠ 45 ದಿನದಲ್ಲಿ ತೀರ್ಮಾನಿಸಬೇಕು. ದಂಡ ಹಾಕುವ ಅಧಿಕಾರ ಅವರಿಗಿಲ್ಲ.

ಎರಡನೆಯ ಮೇಲ್ಮನವಿ 90 ದಿನದೊಳಗೆ ಆಯೋಗಕ್ಕೆ. ಇಲ್ಲಿ ಸೇವೆ ನಿಲ್ಲುತ್ತದೆ. ಕೆಳಗಿನ ಎರಡು ಹಂತಕ್ಕೂ ಗಡುವು ಇಟ್ಟ ಕಾಯ್ದೆ ಆಯೋಗಕ್ಕೆ ಗಡುವು ಇಡಲಿಲ್ಲ. ರಾಜ್ಯದಲ್ಲಿ ಆಯುಕ್ತರನ್ನು ಆರಿಸುವ ಸಮಿತಿಯಲ್ಲಿ ಮುಖ್ಯಮಂತ್ರಿ, ಅವರು ನೇಮಿಸುವ ಒಬ್ಬ ಸಂಪುಟ ಸಚಿವ, ವಿರೋಧ ಪಕ್ಷದ ನಾಯಕ ಇರುತ್ತಾರೆ. ಅಂದರೆ ಸರ್ಕಾರದ್ದೇ ಬಹುಮತ. 2019ರ ತಿದ್ದುಪಡಿ ಆಯುಕ್ತರ ಅವಧಿಯನ್ನೂ ಸಂಬಳವನ್ನೂ ನಿಗದಿಪಡಿಸುವ ಅಧಿಕಾರವನ್ನು ಕೇಂದ್ರಕ್ಕೆ ಕೊಟ್ಟಿತು, 5 ವರ್ಷವಿದ್ದ ಅವಧಿ 3ಕ್ಕೆ ಇಳಿಯಿತು. ಖಾಲಿ ಹುದ್ದೆಗಳನ್ನು ಸಕಾಲದಲ್ಲಿ ತುಂಬಿ ಎಂದು ಸುಪ್ರೀಂ ಕೋರ್ಟ್ 2019ರ ಫೆಬ್ರುವರಿಯಲ್ಲಿ ಹೇಳಿದ ಮೇಲೂ ಜಾರ್ಖಂಡ್ ಆಯೋಗ 2020ರ ಮೇ ತಿಂಗಳಿಂದ ವರ್ಷಗಟ್ಟಲೆ ಆಯುಕ್ತರೇ ಇಲ್ಲದೆ ನಿಂತುಹೋಯಿತು. ಮೆಕ್ಸಿಕೊದಲ್ಲಿ ಸಾಂವಿಧಾನಿಕ ಸ್ವಾಯತ್ತತೆಯಿದ್ದ ಮಾಹಿತಿ ಸಂಸ್ಥೆಯನ್ನು 2024ರ ಸಂವಿಧಾನ ತಿದ್ದುಪಡಿಯಿಂದಲೇ ತೆಗೆದುಹಾಕಿದರು. ನಮ್ಮಲ್ಲಿ ಕಾಯ್ದೆ ಪುಸ್ತಕದಲ್ಲಿ ಹಾಗೇ ಇದೆ, ಕೇಳುವ ಕುರ್ಚಿ ಖಾಲಿಯಾಗುತ್ತಿದೆ. ಪರಿಣಾಮ ಎರಡೂ ಕಡೆ ಒಂದೇ. ದಿನಕ್ಕೆ 250 ರೂಪಾಯಿಯಂತೆ 25,000ದವರೆಗೆ ಅಧಿಕಾರಿಯ ಮೇಲೆ ವೈಯಕ್ತಿಕ ದಂಡ ಎಂಬ ಈ ಕಾಯ್ದೆಯ ಹಲ್ಲು ಆಯೋಗದ ಕೈಯಲ್ಲಿ ಮಾತ್ರ ಇದೆ. ವಿಚಾರಣೆಯೇ ವರ್ಷಗಳ ನಂತರ ಬಂದರೆ ಅಧಿಕಾರಿ ಅಷ್ಟರಲ್ಲಿ ವರ್ಗವಾಗಿರುತ್ತಾನೆ ಅಥವಾ ನಿವೃತ್ತನಾಗಿರುತ್ತಾನೆ.

ಆಯೋಗಕ್ಕೆ ಹೋಗಲೇಬೇಕಾದರೆ ಕಲಂ 18ರ ದೂರು ಮಾತ್ರ ಕೊಟ್ಟು ಸುಮ್ಮನಾಗಬೇಡಿ. ಆ ಕಲಮಿನಡಿ ದಂಡ ಹಾಕಬಹುದೇ ಹೊರತು ಮಾಹಿತಿ ಕೊಡಿ ಎಂದು ಆದೇಶಿಸಲಾಗದು ಎಂದು ಮಣಿಪುರದ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2011ರಲ್ಲೇ ತೀರ್ಮಾನಿಸಿದೆ. ಕಲಂ 19(3)ರ ಮೇಲ್ಮನವಿಯಲ್ಲೇ ಮಾಹಿತಿ, ಕಲಂ 20ರ ದಂಡ, ಕಲಂ 19(8)(ಬಿ) ಪರಿಹಾರ ಮೂರನ್ನೂ ಕೇಳಿ. ವಿಚಾರಣೆಯ ದಿನಾಂಕವೇ ಸಿಗದಿದ್ದರೆ, ಇಂತಿಷ್ಟು ಸಮಯದೊಳಗೆ ಇತ್ಯರ್ಥ ಮಾಡಲು ನಿರ್ದೇಶನ ಕೋರಿ ವಿಧಿ 226ರಡಿ ಹೈಕೋರ್ಟಿಗೆ ರಿಟ್ ಹಾಕಬಹುದು.

ಕೊನೆಯದಾಗಿ ಸುರಕ್ಷತೆ. ಈ ಸೇವೆಯ ಬಹು ಗಂಭೀರ ಕೊರತೆ ಇದು: ಅರ್ಜಿದಾರನ ವಿಳಾಸ ಅರ್ಜಿಯ ಜೊತೆಗೇ ಮೇಜಿನಿಂದ ಮೇಜಿಗೆ ಹೋಗುತ್ತದೆ, ಅಲ್ಲಿಂದ ಗುತ್ತಿಗೆದಾರನ ಕಿವಿಗೂ ಬೀಳುತ್ತದೆ. ಮಾಹಿತಿ ಕೇಳಿದ ತಪ್ಪಿಗೆ ಈ ದೇಶದಲ್ಲಿ ಕೊಲೆಗಳಾಗಿವೆ. ಅಂಚೆಪೆಟ್ಟಿಗೆ ಸಂಖ್ಯೆ ಕೊಟ್ಟರೂ ಅರ್ಜಿ ಸ್ವೀಕರಿಸಬೇಕು ಎಂದು ಕಲ್ಕತ್ತಾ ಹೈಕೋರ್ಟ್ 2013ರಲ್ಲಿ ಹೇಳಿದೆ. ಮರಳು, ಭೂಮಿ, ದೊಡ್ಡ ಟೆಂಡರಿನ ವಿಷಯವಾದರೆ ಅದನ್ನು ಬಳಸಿ. ಇನ್ನೂ ಒಳ್ಳೆಯ ಉಪಾಯವೆಂದರೆ ಒಂದೇ ದಾಖಲೆಯನ್ನು ನಾಲ್ಕೈದು ಜನ, ಬೇರೆ ಬೇರೆ ಊರಿನಿಂದ, ಪ್ರತ್ಯೇಕ ಅರ್ಜಿಗಳಲ್ಲಿ ಕೇಳುವುದು. ಉತ್ತರ ಬಂದ ದಿನವೇ ಎಲ್ಲ ಪುಟಗಳನ್ನೂ ಸ್ಕ್ಯಾನ್ ಮಾಡಿ ಉಳಿದವರಿಗೆ ಹಂಚಿಬಿಡಿ, ದಾಖಲೆ ಒಬ್ಬರ ಬಳಿಯಲ್ಲೇ ಉಳಿಯದಿರಲಿ.