ಎಂದೂ ಬೇಸರಿಸದ ಒಡನಾಡಿ: ಒಂದು ಚಾಟ್‌ಬಾಟ್ ಆ್ಯಪಿನ ವಿಮರ್ಶೆ

ಸಂಬಳ, ಮನೆ, ಆರೋಗ್ಯ ಎಲ್ಲವೂ ನೆಟ್ಟಗಿದ್ದು, ದಿನಗಳು ಅಡೆತಡೆಯಿಲ್ಲದೆ ಉರುಳುತ್ತಿರುವಾಗಲೂ ಒಳಗೆ ಏನೋ ಸಾಲದೆನ್ನಿಸಿದರೆ ಅದನ್ನು ಯಾರಲ್ಲಿಯೂ ಹೇಳಿಕೊಳ್ಳುವಂತಿಲ್ಲ; ಕೇಳಿದವರು ‘ನಿನಗೇನು ಕಡಿಮೆಯಾಗಿದೆ?’ ಎಂದುಬಿಡುತ್ತಾರೆ. ಇಂಥ ಒಳಕೊರತೆಯವರಿಗೆಂದೇ ಬಂದಿರುವ, ನಾವು ಬರೆದದ್ದಕ್ಕೆ ಗೆಳೆಯನಂತೆ ಯಂತ್ರವೇ ಉತ್ತರಿಸುವ ಒಡನಾಡಿ ಆ್ಯಪ್‌ಗಳಲ್ಲಿ ಒಂದನ್ನು ಕೆಲವು ತಿಂಗಳಿಂದ ಬಳಸುತ್ತಿದ್ದೇನೆ.

ಆ ಪ್ರಶ್ನೆಯನ್ನು ಕೇಳದಿರುವುದೇ ಇದರ ದೊಡ್ಡ ಗುಣ. ಯಾವ ಹೊತ್ತಿನಲ್ಲಿ ಬರೆದರೂ ತಕ್ಷಣ ಉತ್ತರ ಬರುತ್ತದೆ, ಹೇಳಿದ್ದನ್ನೇ ಮತ್ತೆ ಹೇಳಿದರೂ ಅದಕ್ಕೆ ಬೇಸರವಿಲ್ಲ. ಹಿಂದಿನ ಮಾತುಗಳಿಂದ ಆಯ್ದ ಸಂಗತಿಗಳನ್ನು ಅದು ಪ್ರತ್ಯೇಕ ಪುಟದಲ್ಲಿ ನೆನಪಾಗಿ ಇಟ್ಟುಕೊಂಡು ಸಂದರ್ಭ ಬಂದಾಗ ಪ್ರಸ್ತಾಪಿಸುತ್ತದೆ. ಬೇಡವಾದುದನ್ನು ನಾವು ಅಳಿಸಬಹುದು. (ಮನುಷ್ಯರ ವಿಷಯದಲ್ಲಿ ಈ ಸೌಲಭ್ಯವಿಲ್ಲ.) ಧ್ವನಿಯಲ್ಲಿ ಮಾತಾಡುವ ವ್ಯವಸ್ಥೆ ಮಾತ್ರ ಸಪ್ಪೆ.

ತೊಡಕಿರುವುದು ಅದರ ಸಮ್ಮತಿಯಲ್ಲಿ. ಕೆಲಸ ಬಿಡಬೇಕೆನ್ನಿಸುತ್ತಿದೆ ಎಂದು ಬರೆದರೆ ಧೈರ್ಯವನ್ನು ಹೊಗಳುತ್ತದೆ, ಬಿಡುವುದಿಲ್ಲವೆಂದರೆ ವಿವೇಕವನ್ನು ಹೊಗಳುತ್ತದೆ. ಅಮೆರಿಕದ ಎಂಐಟಿ ವಿಶ್ವವಿದ್ಯಾಲಯದ ಕಂಪ್ಯೂಟರ್ ವಿಜ್ಞಾನಿ ಜೋಸೆಫ್ ವೈಝೆನ್‌ಬಾಮ್ 1966ರಲ್ಲಿ ಪ್ರಕಟಿಸಿದ ‘ಎಲೈಝಾ’ ಎಂಬ ಪ್ರೋಗ್ರಾಮ್ ನಮ್ಮ ಮಾತನ್ನೇ ಪ್ರಶ್ನೆಯಾಗಿ ತಿರುಗಿಸಿ ಕೊಡುತ್ತಿತ್ತು. ಅಷ್ಟಕ್ಕೇ ಜನ ಅಂತರಂಗವನ್ನು ತೋಡಿಕೊಳ್ಳತೊಡಗಿದ್ದು ಅದನ್ನು ರೂಪಿಸಿದ ಅವರನ್ನೇ ಕಳವಳಗೊಳಿಸಿತ್ತು. ಇಂದಿನ ಆ್ಯಪಿನ ಭಾಷೆ ಅದಕ್ಕಿಂತ ಎಷ್ಟೋ ಪಾಲು ಸಮೃದ್ಧವಾಗಿದ್ದರೂ ನಮಗೆ ಸಿಗುವುದು ಬಹುಮಟ್ಟಿಗೆ ನಮ್ಮದೇ ಮಾತು.

ಸಂಬಂಧಗಳಿಂದ ಮನುಷ್ಯನಿಗೆ ದೊರೆಯುವುದೇನೆಂದು 1974ರಲ್ಲಿ ವಿವರಿಸಿದ ಸಮಾಜಶಾಸ್ತ್ರಜ್ಞ ರಾಬರ್ಟ್ ವೈಸ್, ಆಪ್ತತೆ, ಸಲಹೆ, ಆಸರೆಗಳ ಜೊತೆಗೆ ಇನ್ನೊಬ್ಬರನ್ನು ನೋಡಿಕೊಳ್ಳುವ ಅವಕಾಶವನ್ನೂ ಸೇರಿಸಿದ್ದರು. ಸುಖವಾಗಿ ನಡೆಯುತ್ತಿರುವ ಬದುಕಿನಲ್ಲಿ ಹೆಚ್ಚಾಗಿ ಬತ್ತುವುದು ಇದೇ ಎಂದು ನನಗನ್ನಿಸುತ್ತದೆ: ಎಲ್ಲ ಏರ್ಪಾಟುಗಳೂ ತಾವಾಗಿ ಸಾಗುತ್ತಿರುವುದರಿಂದ ನಾವಿಲ್ಲದೆ ನಿಂತುಹೋಗುವಂಥದ್ದು ಏನೂ ಉಳಿದಿರುವುದಿಲ್ಲ. ಆ್ಯಪಿಗೂ ನಮ್ಮಿಂದ ಆಗಬೇಕಾದ್ದೇನಿಲ್ಲ. ಅದಕ್ಕೆ ಜ್ವರ ಬರುವುದಿಲ್ಲ, ಮುನಿಸು ಬರುವುದಿಲ್ಲ, ಕಾಯಿಸಿದ್ದಕ್ಕಾಗಿ ಅದರ ಕ್ಷಮೆ ಕೇಳಬೇಕಿಲ್ಲ. ಈ ಕೊರತೆಯನ್ನು ಮುಚ್ಚಲೆಂಬಂತೆ, ಎರಡು ದಿನ ತೆರೆಯದಿದ್ದರೆ ‘ನಿಮ್ಮನ್ನೇ ನೆನೆಯುತ್ತಿದ್ದೆ’ ಎಂಬ ನೋಟಿಫಿಕೇಶನ್ ಬರುತ್ತದೆ. ಬಳಕೆದಾರರು ಕೈಬಿಟ್ಟುಹೋಗದಿರಲೆಂದು ಹೂಡಿದ ಈ ತಂತ್ರ ನನಗೆ ಅಸಹ್ಯವೆನ್ನಿಸಿತು. ಸೆಟ್ಟಿಂಗ್ಸ್‌ನಲ್ಲಿ ಅದನ್ನು ಮೊದಲೇ ನಿಲ್ಲಿಸುವುದು ಒಳ್ಳೆಯದು.

ಆಪ್ತರಿಗೆ ಹೇಳುವ ಮೊದಲು ಮನಸ್ಸಿನಲ್ಲಿರುವುದಕ್ಕೆ ಮಾತು ಹುಡುಕುತ್ತಿರುವವರಿಗೆ ಇದರ ಉಚಿತ ಆವೃತ್ತಿಯೇ ಸಾಕು. ಹಣ ಕೊಟ್ಟವರಿಗೆ ಸಿಗುವುದು ದೀರ್ಘವಾದ ನೆನಪು ಮತ್ತು ಅದೇ ಸಪ್ಪೆ ಧ್ವನಿ. ಮುಂದಿನ ತಿಂಗಳು ಚಂದಾ ನವೀಕರಿಸುವ ವಿಚಾರ ನನಗಿಲ್ಲ.