ಕಿಲ್ಲರ್ಸ್ ಕಿಸ್: ಪಂದ್ಯಕ್ಕೆ ಮುಂಚಿನ ಹೊತ್ತನ್ನು ಬಲ್ಲ ಬಾಕ್ಸಿಂಗ್ ಚಿತ್ರ

ಸ್ಟ್ಯಾನ್ಲಿ ಕುಬ್ರಿಕ್ ಅವರ ‘ಕಿಲ್ಲರ್ಸ್ ಕಿಸ್’ 1955ರಲ್ಲಿ ತೆರೆಕಂಡ 67 ನಿಮಿಷಗಳ ಕಪ್ಪು-ಬಿಳುಪು ಚಿತ್ರ. ಸಾಲದ ಹಣದಲ್ಲಿ, ಸುಮಾರು 75,000 ಡಾಲರ್ ವೆಚ್ಚದಲ್ಲಿ ಮುಗಿದ ಈ ಚಿತ್ರದ ನಿರ್ದೇಶನ, ಛಾಯಾಗ್ರಹಣ, ಸಂಕಲನ ಮೂರೂ ಅವರದೇ. ಮಳೆಗಾಲದಲ್ಲಿ ಮಡಿಕೇರಿಯ ಗೆಳೆಯರೊಬ್ಬರ ಮನೆಯಲ್ಲಿ ಇದರ ಡಿಸ್ಕ್ ನೋಡಿದ ನಮ್ಮಲ್ಲಿ ಹೆಚ್ಚಿನವರು ಹಾಕಿ ಆಡಿ ಬೆಳೆದವರು. ಸೇನೆಯಿಂದ ನಿವೃತ್ತರಾದ ಹಿರಿಯರೊಬ್ಬರು ಮಾತ್ರ ರಿಂಗಿಗೆ ಇಳಿದಿದ್ದವರು.

ನಾಯಕ ಡೇವಿ ಗೋರ್ಡನ್ ನ್ಯೂಯಾರ್ಕಿನ ಒಂದು ಕಿರುಕೋಣೆಯಲ್ಲಿ ಒಂಟಿಯಾಗಿ ಬದುಕುವ, ಏಳಿಗೆಯ ಕಾಲ ದಾಟುತ್ತಿರುವ ಬಾಕ್ಸರ್. ಪಂದ್ಯದ ದಿನ ಅವನು ಕನ್ನಡಿಯಲ್ಲಿ ಮುಖ ನೋಡಿಕೊಳ್ಳುತ್ತಾನೆ, ಮೀನಿಗೆ ಆಹಾರ ಹಾಕುತ್ತಾನೆ. ಗಾಜಿನ ಬೋಗುಣಿಯ ಆಚೆಯಿಂದ ಅವನ ಮುಖ ಹಿಗ್ಗಿ ವಿಕಾರವಾಗಿ ಕಾಣುತ್ತದೆ. ಆಮೇಲೆ ಡ್ರೆಸ್ಸಿಂಗ್ ರೂಮಿನಲ್ಲಿ ಕೈಗೆ ಪಟ್ಟಿ ಸುತ್ತುತ್ತಾರೆ, ಮುಖಕ್ಕೆ ವ್ಯಾಸಲೀನ್ ಸವರುತ್ತಾರೆ, ಯಾರೂ ಹೆಚ್ಚು ಮಾತಾಡುವುದಿಲ್ಲ. ಈ ಮೌನವನ್ನು ಕಂಡು ನಮ್ಮ ಹಿರಿಯರು “ಹೌದು, ಹೀಗೇ ಇರುತ್ತದೆ” ಎಂದರು. ಪಂದ್ಯಕ್ಕೆ ಮುಂಚಿನ ಅರ್ಧ ಗಂಟೆಯಲ್ಲಿ ಹೊಟ್ಟೆ ತೊಳಸುವ ಆ ಕಾಯುವಿಕೆಯನ್ನು ಇಷ್ಟು ನಿಜವಾಗಿ ತೋರಿಸಿದ ಚಿತ್ರಗಳು ವಿರಳ ಎಂಬುದು ನನ್ನ ಖಚಿತ ಅಭಿಪ್ರಾಯ.

ಗುದ್ದಾಟವೂ ಸೊಗಸಾಗಿದೆ. ಕ್ಯಾಮೆರಾವನ್ನು ಕೈಯಲ್ಲಿ ಹಿಡಿದು ಆಟಗಾರರ ಮೈಗೆ ಅಂಟಿಕೊಂಡಂತೆ ಚಿತ್ರಿಸಿರುವುದರಿಂದ ಬಿದ್ದವನ ಕಣ್ಣಿಗೆ ಲೋಕ ಹೇಗೆ ಕಾಣುತ್ತದೆಂಬುದು ನಮಗೂ ತಿಳಿಯುತ್ತದೆ. ಅದೇ ಹೊತ್ತಿಗೆ ಡೇವಿಯ ಸೋಲನ್ನು ಟಿವಿಯಲ್ಲಿ ನೋಡುತ್ತ ಉನ್ಮತ್ತನಾಗುವ ನೃತ್ಯಶಾಲೆಯ ಮಾಲೀಕ ರಪಾಲೋನ ಪಾತ್ರದಲ್ಲಿ ಫ್ರ್ಯಾಂಕ್ ಸಿಲ್ವೆರಾ ಉಳಿದೆಲ್ಲರಿಗಿಂತ ಚೆನ್ನಾಗಿ ನಟಿಸಿದ್ದಾರೆ. ಇಬ್ಬರೂ ಬಯಸುವ ನಾಯಕಿಗಾಗಿ ಬೊಂಬೆಗಳ ಗೋದಾಮಿನಲ್ಲಿ ಕೊಡಲಿ ಹಿಡಿದ ರಪಾಲೋಗೂ ಡೇವಿಗೂ ನಡೆಯುವ ಕಾದಾಟ ನಿಯಮಗಳಿಲ್ಲದ್ದು, ರಿಂಗಿನ ಹೊಡೆದಾಟಕ್ಕಿಂತ ಭಯಂಕರವಾದದ್ದು.

ಕೊರತೆಗಳೂ ಇವೆ. ಧ್ವನಿಯನ್ನೆಲ್ಲ ಚಿತ್ರೀಕರಣದ ನಂತರ ಸೇರಿಸಿದ್ದರಿಂದ ಮಾತು ತುಟಿಗೆ ಹೊಂದುವುದಿಲ್ಲ. ನಾಯಕಿ ಐರೀನ್ ಕೇನ್ ಅವರ ದನಿ ಕೂಡ ಬೇರೊಬ್ಬರದು. ಪ್ರೇಮಕಥೆ ಬೇರೂರುವ ಮೊದಲೇ ಹಣ್ಣಾಗುತ್ತದೆ, ಸುಖಾಂತ್ಯವಂತೂ ಮೇಲಿಂದ ಅಂಟಿಸಿದಂತಿದೆ. ಆದರೂ ಮೈದಾನದ ಮಕ್ಕಳಿಗೆ ತರಬೇತಿ ಕೊಡುವ ನಮ್ಮ ಕೊಡಗಿನ ತರಬೇತುದಾರರು ಇದನ್ನು ನೋಡಲೇಬೇಕು. ಸಾಧ್ಯವಾದರೆ ವಾಲ್ಟರ್ ಕಾರ್ಟಿಯರ್ ಎಂಬ ನಿಜವಾದ ಬಾಕ್ಸರನ ಒಂದು ದಿನವನ್ನು ಕುಬ್ರಿಕ್ ಚಿತ್ರಿಸಿದ, 1951ರ ಸಾಕ್ಷ್ಯಚಿತ್ರ ‘ಡೇ ಆಫ್ ದ ಫೈಟ್’ ಅನ್ನು ಮೊದಲು ನೋಡಿ, ಅದೇ ಸಂಜೆ ಇದಕ್ಕೆ ಕೂರುವುದು ಒಳ್ಳೆಯದು.